ಬಾಸ್ಕ್ ನಾಡಿನಲ್ಲಿ ಒಂದು ವಾರ: ಬಿಲ್ಬಾವೊ, ಸಾನ್ ಸೆಬಾಸ್ಟಿಯನ್, ಪಾಂಪ್ಲೋನಾ... ಯಾವುದನ್ನು ಹಿಡಿಯುವುದು, ಯಾವುದನ್ನು ಬಿಡುವುದು?

ಸ್ಪೇನಿನ ಉತ್ತರ ಕರಾವಳಿಯಿಂದ ಫ್ರಾನ್ಸಿನ ನೈಋತ್ಯ ಮೂಲೆಯವರೆಗೆ ಹಬ್ಬಿರುವ ಬಾಸ್ಕ್ ನಾಡಿನ ನಕ್ಷೆ ಬಿಡಿಸಿ ಕೂತವರನ್ನು ಮೊದಲು ಮರುಳು ಮಾಡುವುದು ಅಲ್ಲಿನ ಅಂತರಗಳು. ಬಿಲ್ಬಾವೊದಿಂದ ಸಾನ್ ಸೆಬಾಸ್ಟಿಯನ್‌ಗೆ ಬಸ್ಸಿನಲ್ಲಿ ಒಂದೂಕಾಲು ಗಂಟೆ. ಬಿಲ್ಬಾವೊದಿಂದ ವಿಟೋರಿಯಾಗೆ ಒಂದು ಗಂಟೆ. ಸಾನ್ ಸೆಬಾಸ್ಟಿಯನ್‌ನಿಂದ ಪಾಂಪ್ಲೋನಾಗೂ ಹೆಚ್ಚುಕಡಿಮೆ ಅಷ್ಟೇ. ವೈಟ್‌ಫೀಲ್ಡಿನಿಂದ ವಿಜಯನಗರಕ್ಕೆ ಹೋಗಿ ಬಂದು ರೂಢಿಯಾದವರಿಗೆ ಇದೊಂದು ದೂರವೇ ಅನ್ನಿಸುವುದಿಲ್ಲ. ಐದು ಊರು, ಏಳು ದಿನ, ಆರಾಮಾಗಿ ಮುಗಿಸಬಹುದು ಎಂದು ಲೆಕ್ಕ ಹಾಕಿಬಿಡುತ್ತೇವೆ.

ಲೆಕ್ಕ ತಪ್ಪುವುದು ಊಟದ ಹೊತ್ತಿನಲ್ಲಿ. ಅಲ್ಲಿ ಮಧ್ಯಾಹ್ನದ ಊಟ ಒಂದೂವರೆಯಿಂದ ಮೂರೂವರೆಯವರೆಗೆ, ರಾತ್ರಿಯದು ಎಂಟೂವರೆ ಒಂಬತ್ತರ ಮೇಲೆ. ನಡುವೆ ಬಹಳಷ್ಟು ಅಡುಗೆಮನೆಗಳು ಮುಚ್ಚಿರುತ್ತವೆ. ಊರು ಬದಲಿಸುವ ದಿನ ಬೆಳಿಗ್ಗೆ ಹನ್ನೊಂದಕ್ಕೆ ಕೋಣೆ ಬಿಟ್ಟು, ಬಸ್ಸು ಹತ್ತಿ, ಇನ್ನೊಂದು ಊರಲ್ಲಿ ಪೆಟ್ಟಿಗೆ ಎಳೆದುಕೊಂಡು ಹೋಟೆಲ್ ಹುಡುಕುವಷ್ಟರಲ್ಲಿ ಒಂದು ಒಳ್ಳೆಯ ಊಟ ಕೈಬಿಟ್ಟಿರುತ್ತದೆ. ಊಟಕ್ಕೆಂದೇ ಹೋದ ಪ್ರವಾಸದಲ್ಲಿ ಖರ್ಚಿನ ಲೆಕ್ಕವನ್ನು ಯೂರೊದಲ್ಲಿ ಮಾತ್ರ ಇಟ್ಟರೆ ಸಾಲದು, ಕಳೆದುಕೊಂಡ ಊಟಗಳಲ್ಲೂ ಇಡಬೇಕು. ಹಾಗಾಗಿ ಒಂದು ವಾರಕ್ಕೆ ಎರಡು ಊರುಗಳಲ್ಲಿ ಬಿಡಾರ ಹೂಡಿ, ಉಳಿದವನ್ನು ಹಗಲು ಹೋಗಿ ರಾತ್ರಿ ಮರಳುವ ಊರುಗಳನ್ನಾಗಿ ಇಟ್ಟುಕೊಳ್ಳುವುದು ನನ್ನ ಸಲಹೆ. ಮೂರನೆಯ ಬಿಡಾರಕ್ಕೆ ಗಟ್ಟಿ ಕಾರಣ ಬೇಕು.

ಇನ್ನು ಆ ಎರಡು ಊರು ಯಾವುವು? ಅದನ್ನು ನಿಮ್ಮ ತಟ್ಟೆ ಹೇಳಬೇಕು.

ಮೊದಲು ತಟ್ಟೆ, ಆಮೇಲೆ ನಕ್ಷೆ

ಬಾಸ್ಕ್ ಅಡುಗೆ ಎಂದು ಒಂದೇ ಹೆಸರಿನಲ್ಲಿ ಕರೆಯುವುದರ ಒಳಗೆ ಮೂರು ಬೇರೆ ಬೇರೆ ಅಡುಗೆಮನೆಗಳಿವೆ. ಕಡಲಂಚಿನ ಬಿಸ್ಕಾಯಾ ಮತ್ತು ಗಿಪುಸ್ಕೋವಾ ಪ್ರಾಂತ್ಯಗಳಲ್ಲಿ ಮೀನೇ ದೊರೆ. ಉಪ್ಪಿಟ್ಟು ಒಣಗಿಸಿದ ಕಾಡ್ ಮೀನನ್ನು ನೆನೆಸಿ, ಆಲಿವ್ ಎಣ್ಣೆ ಬೆಳ್ಳುಳ್ಳಿಯಲ್ಲಿ ಮಣ್ಣಿನ ಪಾತ್ರೆಯನ್ನು ಅಲ್ಲಾಡಿಸುತ್ತ ಅಲ್ಲಾಡಿಸುತ್ತ ಮೀನಿನದೇ ಅಂಟಿನಿಂದ ಗಟ್ಟಿ ಸಾಸ್ ಬರಿಸುವ ಪಿಲ್‌ಪಿಲ್, ಶಾಯಿಯಲ್ಲೇ ಬೇಯಿಸಿದ ಪುಟ್ಟ ಸ್ಕ್ವಿಡ್, ಹೇಕ್ ಮೀನಿನ ಗಂಟಲ ಭಾಗದ ಕೊಕೊಚಾ, ಬೇಸಿಗೆಯಲ್ಲಿ ಟ್ಯೂನಾ ಮತ್ತು ಆಲೂಗಡ್ಡೆಯ ಮಾರ್ಮಿತಾಕೊ. ಒಳನಾಡಿನ ಆರಾಬಾ ಮತ್ತು ನವಾರ‍್ರಾದಲ್ಲಿ ಹೊಲ, ತೋಟ, ಕಾಡಿನ ಅಣಬೆ. ಗಡಿಯಾಚೆಯ ಫ್ರೆಂಚ್ ಬದಿಯಲ್ಲಿ ಹಂದಿ ತೊಡೆಯ ಹ್ಯಾಮ್, ಬೆಣ್ಣೆ, ಚಾಕೊಲೇಟ್.

ಮೀನು ತಿನ್ನುವ ಕರಾವಳಿಯವರಿಗೆ ಹೆಚ್ಚು ಯೋಚಿಸುವ ಕೆಲಸವಿಲ್ಲ, ಬಿಲ್ಬಾವೊ ಮತ್ತು ಸಾನ್ ಸೆಬಾಸ್ಟಿಯನ್ ಅವರದೇ. ಆದರೆ ಸಸ್ಯಾಹಾರಿಗಳಿಗೆ ಎಲ್ಲರೂ ಕಣ್ಣುಮುಚ್ಚಿ ಶಿಫಾರಸು ಮಾಡುವುದೂ ಇದೇ ಎರಡು ಊರು. ಅಲ್ಲೇ ತೊಂದರೆ ಶುರು. ಪಿಂಚೊ ಎಂಬ ಪುಟ್ಟ ತಿಂಡಿ ಕೊಡುವ ಬಾರುಗಳ ಕೌಂಟರಿನ ಮೇಲೆ ಸಾಲಾಗಿ ಜೋಡಿಸಿಟ್ಟ ತಿಂಡಿಗಳಲ್ಲಿ ಮುಕ್ಕಾಲು ಪಾಲಿಗೆ ಆಂಚೊವಿಯೋ ಹ್ಯಾಮೋ ಟ್ಯೂನಾವೋ ಇರುತ್ತದೆ. ಕ್ರೊಕೆಟ್ ನೋಡಲು ನಮ್ಮ ಆಲೂ ಬೋಂಡಾದ ಹಾಗಿದ್ದರೂ ಒಳಗೆ ಸಾಮಾನ್ಯವಾಗಿ ಹ್ಯಾಮ್ ಇರುತ್ತದೆ. ಮಿಶ್ರ ಸಲಾಡ್ ಕೇಳಿದರೆ ಮೇಲೊಂದು ಹಿಡಿ ಟ್ಯೂನಾ ಹಾಕಿಯೇ ತರುತ್ತಾರೆ. ತೊಲೋಸಾ ಊರಿನ ಪ್ರಸಿದ್ಧ ಕಪ್ಪು ಬೀನ್ಸ್ ಕಾಳನ್ನು ನೀರು, ಎಣ್ಣೆ, ಈರುಳ್ಳಿಯಲ್ಲಿ ಗಂಟೆಗಟ್ಟಲೆ ಬೇಯಿಸುತ್ತಾರೆ. ಕೇಳಿದರೆ ಬಾಯಲ್ಲಿ ನೀರೂರುತ್ತದೆ. ಆದರೆ ಜೊತೆಗೆ ರಕ್ತದ ಸಾಸೇಜು, ಹಂದಿ ಪಕ್ಕೆಲುಬು ಬರುತ್ತವೆ, ಕೆಲವೆಡೆ ಒಂದೇ ಪಾತ್ರೆಯಲ್ಲಿ ಬೆಂದು ಬರುತ್ತವೆ. ಕುರಿ ಹಾಲಿನ ಇಡಿಯಾಸಾಬಲ್ ಚೀಸ್ ಕೂಡ ಸಾಂಪ್ರದಾಯಿಕವಾಗಿ ಕುರಿಮರಿಯ ಹೊಟ್ಟೆಯಿಂದ ತೆಗೆದ ಹೆಪ್ಪಿನಿಂದಲೇ ಆಗುವುದು. ಕಟ್ಟುನಿಟ್ಟಿನವರು ಗಮನಿಸಬೇಕು.

ಹಾಗೆಂದು ಉಪವಾಸ ಬೀಳಬೇಕಿಲ್ಲ. ಮೊಟ್ಟೆ ತಿನ್ನುವ ಸಸ್ಯಾಹಾರಿಗೆ ಸಾನ್ ಸೆಬಾಸ್ಟಿಯನ್ ಸಾಕಷ್ಟು ಒಳ್ಳೆಯ ಊರು. ಹಳೇ ಪೇಟೆಯ ನೆಸ್ತೊರ್ ಬಾರಿನಲ್ಲಿ ಮಧ್ಯಾಹ್ನಕ್ಕೊಂದು ರಾತ್ರಿಗೊಂದು ಎಂಬಂತೆ ದಿನಕ್ಕೆ ಎರಡೇ ಆಲೂಗಡ್ಡೆ ಟೋರ್ಟಿಯಾ ಮಾಡುತ್ತಾರೆ. ಮೊದಲೇ ಹೋಗಿ ಹೆಸರು ಬರೆಸಿದವರಿಗಷ್ಟೇ ಒಂದೊಂದು ತುಂಡು. ಅಲ್ಲಿನ ಮೆನುವೂ ನಾಲ್ಕೈದು ಪದಾರ್ಥಕ್ಕೆ ಮುಗಿಯುತ್ತದೆ: ಟೋರ್ಟಿಯಾ, ದಪ್ಪ ಟೊಮೆಟೊ ಹೋಳಿಗೆ ಎಣ್ಣೆ ಉಪ್ಪು, ಎಣ್ಣೆಯಲ್ಲಿ ಬಾಡಿಸಿದ ಗೆರ್ನಿಕಾ ಹಸಿಮೆಣಸು, ಮತ್ತೆ ಚುಲೆಟಾ ಎಂಬ ಸುಟ್ಟ ದನದ ಮಾಂಸ. ಕೊನೆಯದೊಂದನ್ನು ಬಿಟ್ಟರೆ ಉಳಿದದ್ದೆಲ್ಲ ನಮಗೇ. ಗಾನ್‌ಬಾರಾದಲ್ಲಿ ಕಾಡಣಬೆಗಳನ್ನು ಹುರಿದು ನಡುವೆ ಹಸಿ ಮೊಟ್ಟೆಯ ಹಳದಿ ಇಟ್ಟು ಕೊಡುತ್ತಾರೆ. ಈಗ ಬೆಂಗಳೂರಿನ ಕೆಫೆಗಳಲ್ಲೂ ಸಿಗುವ ಮೇಲೆ ಸುಟ್ಟು ಕಪ್ಪಾದ ಬಾಸ್ಕ್ ಚೀಸ್‌ಕೇಕ್ ಹುಟ್ಟಿದ್ದು ಇದೇ ಪೇಟೆಯ ಲಾ ವಿನ್ಯಾದಲ್ಲಿ.

ನಿಜವಾದ ತರಕಾರಿ ನಾಡು ಮಾತ್ರ ನವಾರ‍್ರಾ. ತುದೇಲಾದ ಆರ್ಟಿಚೋಕ್, ವಸಂತದಲ್ಲಿ ಬರುವ ಬಿಳಿ ಶತಾವರಿ ಚಿಗುರು, ಬೇಸಿಗೆ ಕೊನೆಗೆ ಇನ್ನೂ ಒಣಗದ ಪೋಚಾ ಎಂಬ ಬಿಳಿ ಬೀನ್ಸ್ ಕಾಳು, ಶರತ್ಕಾಲದಲ್ಲಿ ಬೆಂಕಿಯ ಮೇಲೆ ಸುಟ್ಟು ಸಿಪ್ಪೆ ತೆಗೆದ ಲೊದೋಸಾದ ಪಿಕಿಯೊ ಮೆಣಸು. ಈ ನಾಡಿನ ರಾಜಧಾನಿ ಪಾಂಪ್ಲೋನಾದಲ್ಲಿ ತರಕಾರಿಯೇ ಮುಖ್ಯ ಭಕ್ಷ್ಯವಾಗಿ ಮೇಜಿಗೆ ಬರುತ್ತದೆ. ಅಲ್ಲೂ ‘ಸಿನ್ ಹಾಮೊನ್, ಸಿನ್ ಕಾರ್ನೆ, ಸಿನ್ ಪೆಸ್ಕಾದೊ’ ಎಂಬ ಮೂರು ಮಾತು, ಅಂದರೆ ಹ್ಯಾಮ್ ಬೇಡ, ಮಾಂಸ ಬೇಡ, ಮೀನು ಬೇಡ, ಬಾಯಲ್ಲಿರಲಿ. ‘ಸಸ್ಯಾಹಾರಿ’ ಎಂದಷ್ಟೇ ಹೇಳಿದರೆ ಹ್ಯಾಮ್ ಚೂರುಗಳನ್ನು ಲೆಕ್ಕಕ್ಕೆ ಹಿಡಿಯದವರು ಇನ್ನೂ ಇದ್ದಾರೆ. ಮೊಟ್ಟೆಯೂ ಮುಟ್ಟದವರು ಅಡುಗೆಮನೆ ಇರುವ ಅಪಾರ್ಟ್‌ಮೆಂಟ್ ಹಿಡಿಯುವುದೇ ಸರಿ. ಮಾರುಕಟ್ಟೆಯ ತರಕಾರಿ ನೋಡಿದರೆ ಅದು ಶಿಕ್ಷೆ ಅನ್ನಿಸುವುದಿಲ್ಲ.

ಮೆಣಸಿನ ಮಾತು ಬಂದದ್ದಕ್ಕೆ ಇದೊಂದು ಹೇಳಬೇಕು. ಅಮೆರಿಕ ಖಂಡದಿಂದ ಹಡಗಿನಲ್ಲಿ ಬಂದ ಮೆಣಸಿನಕಾಯಿ ಪೋರ್ಚುಗೀಸರ ಕೈಯಲ್ಲಿ ನಮ್ಮ ಕಡೆಗೆ ಬಂದರೆ, ಇತ್ತ ಬಾಸ್ಕ್ ನಾವಿಕರ ಮನೆಗೂ ಹೊಕ್ಕಿತು. ಬಿಸ್ಕಾಯಾದ ಒಣ ಚೊರಿಸೇರೊ ಮೆಣಸು ನಮ್ಮ ಬ್ಯಾಡಗಿಯ ಹಾಗೆ ಖಾರಕ್ಕಿಂತ ಬಣ್ಣಕ್ಕೆ, ಘಮಕ್ಕೆ ಹೆಸರಾದದ್ದು. ನೆನೆಸಿ ತಿರುಳು ಕೆರೆದು ಈರುಳ್ಳಿಯೊಡನೆ ಬೇಯಿಸಿದರೆ ಬಿಲ್ಬಾವೊದ ಹೆಸರಾಂತ ಕೆಂಪು ಸಾಸ್. ಗಡಿಯಾಚೆ ಎಸ್ಪೆಲೆಟ್ ಎಂಬ ಹಳ್ಳಿಯಲ್ಲಿ ಮೆಣಸಿನ ಸರಗಳನ್ನು ಮನೆಯ ಗೋಡೆಗೇ ನೇತುಹಾಕಿ ಒಣಗಿಸುತ್ತಾರೆ. 2000ದಲ್ಲಿ ಫ್ರಾನ್ಸ್ ಅದಕ್ಕೆ ಮೂಲಸ್ಥಾನದ ಮಾನ್ಯತೆ ಕೊಟ್ಟಿತು. ಖಾರವಿಲ್ಲದೆ ನಾಲಿಗೆ ಜಡ್ಡುಗಟ್ಟುತ್ತದೆ ಎನ್ನುವವರು ಮಾತ್ರ ಚಟ್ನಿಪುಡಿ ಒಯ್ಯಿರಿ. ಈ ನಾಡಿನಲ್ಲಿ ಯಾವ ಮೆಣಸೂ ಕಣ್ಣಲ್ಲಿ ನೀರು ತರಿಸುವುದಿಲ್ಲ.

ಬಿಲ್ಬಾವೊ ಎದುರು ಸಾನ್ ಸೆಬಾಸ್ಟಿಯನ್

ಸುಮಾರು ಮೂರೂವರೆ ಲಕ್ಷ ಜನರ ಬಿಲ್ಬಾವೊ ಕಬ್ಬಿಣ, ಹಡಗುಕಟ್ಟೆಗಳ ಕಾರ್ಮಿಕ ಊರು. ಎಂಬತ್ತರ ದಶಕದಲ್ಲಿ ಆ ಉದ್ಯಮಗಳು ನೆಲಕಚ್ಚಿದಾಗ ಊರೂ ಕಂಗೆಟ್ಟಿತ್ತು. 1995ರಲ್ಲಿ ನಾರ್ಮನ್ ಫಾಸ್ಟರ್ ವಿನ್ಯಾಸದ ಮೆಟ್ರೊ, 1997ರ ಅಕ್ಟೋಬರಿನಲ್ಲಿ ಫ್ರಾಂಕ್ ಗೆಹ್ರಿ ಕಟ್ಟಿದ ಟೈಟಾನಿಯಂ ಹೊದಿಕೆಯ ಗುಗೆನ್‌ಹೈಮ್ ಮ್ಯೂಸಿಯಂ ಬಂದವು, ನೆರ್ವಿಯೋನ್ ನದಿಯ ದಂಡೆಯ ಗೋದಾಮುಗಳಿದ್ದಲ್ಲಿ ಜನ ಅಡ್ಡಾಡತೊಡಗಿದರು. ಎಲ್ಲರೂ ಮ್ಯೂಸಿಯಮ್ಮಿಗೇ ಯಶಸ್ಸಿನ ಕಿರೀಟ ತೊಡಿಸುತ್ತಾರೆ. ನನಗೆ ಅದಕ್ಕಿಂತ ಇಷ್ಟವಾಗುವುದು ಪೋರ್ತುಗಲೇತೆ ಮತ್ತು ಗೆಚೊ ನಡುವಿನ ಬಿಸ್ಕಾಯಾ ಸೇತುವೆ. 1893ರದ್ದು. ಎತ್ತರದ ಕಬ್ಬಿಣದ ತೊಲೆಯಿಂದ ಇಳಿಬಿಟ್ಟ ತೊಟ್ಟಿಲು ಜನರನ್ನೂ ಕಾರುಗಳನ್ನೂ ಹೊತ್ತು ಇಂದಿಗೂ ನದಿ ದಾಟಿಸುತ್ತದೆ, ಕೆಳಗೆ ಹಡಗು ಸಲೀಸಾಗಿ ಹೋಗುತ್ತದೆ. ಮೆಟ್ರೊದಲ್ಲೇ ಹೋಗಿ ಬರಬಹುದು. 2006ರಲ್ಲಿ ಯುನೆಸ್ಕೊ ಪಟ್ಟಿಗೆ ಸೇರಿದೆ.

ಬಿಲ್ಬಾವೊದಲ್ಲಿ ಉಣ್ಣುವುದು ಊರಿನವರ ನಡುವೆ. ಹಳೇ ಪೇಟೆಯ ಏಳು ಬೀದಿಗಳು, ಕಮಾನು ಸಾಲಿನ ಪ್ಲಾಸಾ ನುಯೇವಾ ಚೌಕ, ನದಿಯಂಚಿನ ರಿಬೇರಾ ಮಾರುಕಟ್ಟೆ. ಸಂಜೆ ಗೆಳೆಯರ ಗುಂಪೊಂದು ಬಾರಿನಿಂದ ಬಾರಿಗೆ ಹೋಗುತ್ತ ಒಂದೊಂದು ಕಡೆ ಗುಟುಕು ವೈನು, ಒಂದು ತುಂಡು ಪಿಂಚೊ, ಅರ್ಧ ಗಂಟೆ ಹರಟೆ. ಈ ಅಭ್ಯಾಸ ಇಲ್ಲಿ ಪ್ರವಾಸಿಗಳಿಗಾಗಿ ನಡೆಯುವ ನಾಟಕವಲ್ಲ. ಕೋಣೆ ಬಾಡಿಗೆಯೂ ಪಿಂಚೊ ಬೆಲೆಯೂ ಸಾಮಾನ್ಯವಾಗಿ ಸಾನ್ ಸೆಬಾಸ್ಟಿಯನ್‌ಗಿಂತ ಕಡಿಮೆ. ವಿಮಾನ ನಿಲ್ದಾಣ ಇದೆ, ಭಾರತೀಯ ಹೋಟೆಲ್‌ಗಳಿವೆ, ಮಳೆ ಬಂದರೆ ಒಳಗೆ ಕೂತು ನೋಡುವುದಕ್ಕೆ ಮ್ಯೂಸಿಯಂಗಳಿವೆ. ಅಲ್ಲಿ ಮಳೆ ಬಂದೇ ಬರುತ್ತದೆ. ನಮ್ಮ ಆಷಾಢದ ಆರ್ಭಟ ಅದಕ್ಕಿಲ್ಲ, ಜಿನುಗುತ್ತಲೇ ಇರುತ್ತದೆ.

ಸಾನ್ ಸೆಬಾಸ್ಟಿಯನ್ ಇದಕ್ಕೆ ಪೂರ್ತಿ ವಿರುದ್ಧ. ಬಾಸ್ಕ್ ಭಾಷೆಯಲ್ಲಿ ಅದರ ಹೆಸರು ದೊನೋಸ್ತಿಯಾ. ಬಸ್ಸಿನ ಫಲಕದಲ್ಲಿ ಅದೂ ಇರುತ್ತದೆ, ಗಲಿಬಿಲಿ ಬೇಡ. ಅರಮನೆಯವರು ಬೇಸಿಗೆ ಕಳೆಯಲು ಆರಿಸಿಕೊಂಡ ಊರು, ಚಂದ್ರಾಕಾರದ ಲಾ ಕೊಂಚಾ ಕೊಲ್ಲಿ, ಎರಡು ತುದಿಗೆ ಎರಡು ಗುಡ್ಡ, ನಡುವೆ ಪುಟ್ಟ ದ್ವೀಪ. 1912ರ ಫ್ಯುನಿಕ್ಯುಲರ್ ರೈಲು ಹತ್ತಿ ಇಗೆಲ್ದೊ ಗುಡ್ಡಕ್ಕೆ ಹೋದರೆ ಊರೆಲ್ಲ ಕಾಲಡಿಗೆ. ಕೊಲ್ಲಿಯ ಪಶ್ಚಿಮ ತುದಿಯ ಬಂಡೆಗಳಿಗೆ ಶಿಲ್ಪಿ ಎದುವಾರ್ದೊ ಚಿಯಿದಾ ಕಬ್ಬಿಣದ ಕೊಂಡಿಗಳನ್ನು ನೆಟ್ಟಿದ್ದಾನೆ. ಅಲೆ ಜೋರಾಗಿರುವ ದಿನ ಹೋಗಿ, ನೆಲದ ರಂಧ್ರಗಳಿಂದ ಕಡಲು ಉಸಿರು ಬಿಡುವುದು ಕೇಳುತ್ತದೆ. ಸಾನ್ ತೆಲ್ಮೊ ಮ್ಯೂಸಿಯಂ 16ನೇ ಶತಮಾನದ ಮಠದೊಳಗಿದೆ. ಬಾಸ್ಕ್ ಸಮಾಜವನ್ನು ಅರ್ಥ ಮಾಡಿಕೊಳ್ಳಲು ಒಂದೇ ಮ್ಯೂಸಿಯಂ ನೋಡುವಷ್ಟು ಹೊತ್ತಿದ್ದರೆ ಗುಗೆನ್‌ಹೈಮ್ ಬಿಟ್ಟು ಇದನ್ನು ನೋಡಿ. ಗುಗೆನ್‌ಹೈಮ್ ಹೊರಗಿನಿಂದಲೇ ಮುಕ್ಕಾಲು ನೋಡಿದಂತೆ.

ಅಡುಗೆಯ ವಿಷಯಕ್ಕೆ ಬಂದರೆ ಸಾನ್ ಸೆಬಾಸ್ಟಿಯನ್ ಕೈ ಮೇಲು, ಅದರಲ್ಲಿ ಎರಡು ಮಾತಿಲ್ಲ. ಎರಡು ಲಕ್ಷವೂ ಇಲ್ಲದ ಊರು ಮತ್ತು ಅದರ ಪಕ್ಕದ ಲಸಾರ್ತೆ ಸೇರಿ ಮಿಶೆಲಿನ್ ಕೈಪಿಡಿಯ ಅತ್ಯುನ್ನತ ಮೂರು ನಕ್ಷತ್ರ ಪಡೆದ ಮೂರು ರೆಸ್ಟೋರೆಂಟುಗಳು: ಅರ್ಸಾಕ್, ಅಕೆಲಾರೆ, ಮಾರ್ತಿನ್ ಬೆರಸಾತೆಗಿ. ಅರ್ಸಾಕ್ 1989ರಿಂದ ಮೂರು ನಕ್ಷತ್ರ ಬಿಟ್ಟುಕೊಟ್ಟಿಲ್ಲ. ಆದರೆ ಇದರ ಬೆಲೆಯನ್ನು ಹಳೇ ಪೇಟೆ ತೆರುತ್ತಿದೆ. ಜುಲೈ ಆಗಸ್ಟಿನ ರಾತ್ರಿ ಅಲ್ಲಿ ನಿಂತು ತಿನ್ನಲು ಜಾಗಕ್ಕೆ ಮೊಣಕೈ ಬಳಸಬೇಕು. ಅಂಥ ರಾತ್ರಿಗಳಲ್ಲಿ ಸೇತುವೆ ದಾಟಿ ಗ್ರೋಸ್ ಬಡಾವಣೆಗೆ ಹೋದರೆ ಉಸಿರಾಡಬಹುದು. ಗುರುವಾರ ಸಂಜೆ ಅಲ್ಲಿ ‘ಪಿಂಚೊ ಪೋತೆ’ ಇರುತ್ತದೆ, ಒಂದು ಪಾನೀಯ ಒಂದು ಪಿಂಚೊ ಸೇರಿ ಅಗ್ಗದ ದರ, ಬೀದಿ ತುಂಬ ಸ್ಥಳೀಯ ಹುಡುಗರು.

ನನ್ನ ತೂಕ: ಮೊದಲ ಬಾರಿ ಹೋಗುವವರು ಬಿಲ್ಬಾವೊದಲ್ಲಿ ಮೂರು, ಸಾನ್ ಸೆಬಾಸ್ಟಿಯನ್‌ನಲ್ಲಿ ನಾಲ್ಕು ರಾತ್ರಿ ಇರಲಿ. ಕೈ ಬಿಗಿಯಿದ್ದರೆ ಈ ಸಂಖ್ಯೆಗಳನ್ನು ಅದಲು ಬದಲು ಮಾಡಿ. ಮಕ್ಕಳಿದ್ದರೆ ಕಡಲ ದಂಡೆಗಾಗಿ ಸಾನ್ ಸೆಬಾಸ್ಟಿಯನ್ ಕಡೆಗೇ ವಾಲಿ.

ಬಿಲ್ಬಾವೊದಿಂದ ಒಂದು ಹಗಲಿಗೆ ಗೆರ್ನಿಕಾ, ಸಾನ್ ಸೆಬಾಸ್ಟಿಯನ್‌ನಿಂದ ಗೆತಾರಿಯಾ. ಒಂದನ್ನೇ ಆರಿಸಬೇಕೆಂದರೆ ಗೆರ್ನಿಕಾ. 1937ರ ಏಪ್ರಿಲ್ 26, ಸೋಮವಾರ, ಸಂತೆಯ ದಿನ. ಸ್ಪೇನಿನ ಅಂತರ್ಯುದ್ಧದಲ್ಲಿ ಬಂಡೆದ್ದ ಸೇನಾನಿ ಫ್ರಾಂಕೊ ಪರವಾಗಿ ಬಂದ ಜರ್ಮನ್ ಮತ್ತು ಇಟಾಲಿಯನ್ ವಿಮಾನಗಳು ಆ ಊರನ್ನು ಸುಟ್ಟುಹಾಕಿದವು. ಬಾಸ್ಕ್ ಜನರ ಸ್ವಾತಂತ್ರ್ಯದ ಗುರುತಾದ ಓಕ್ ಮರ ಉಳಿಯಿತು. ಈಗಿರುವುದು ಅದರ ಸಂತತಿ, ಹಳೆಯ ಬೊಡ್ಡೆಯನ್ನು ಪಕ್ಕದಲ್ಲೇ ಮಂಟಪ ಕಟ್ಟಿ ಇಟ್ಟಿದ್ದಾರೆ. ಪಿಕಾಸೊನ ಚಿತ್ರ ಹುಡುಕಿಕೊಂಡು ಹೋಗಬೇಡಿ, ಅದಿರುವುದು ಮ್ಯಾಡ್ರಿಡ್‌ನಲ್ಲಿ. ಸೋಮವಾರ ಸಂತೆ ಈಗಲೂ ನಡೆಯುತ್ತದೆ. ಬೇಸಿಗೆ ಬಿಟ್ಟರೆ ಸೋಮವಾರ ಗುಗೆನ್‌ಹೈಮಿಗೆ ರಜೆ, ಹಾಗಾಗಿ ಆ ದಿನ ಎವುಸ್ಕೊತ್ರೆನ್ ರೈಲು ಹತ್ತಿ ಇಲ್ಲಿಗೆ ಬರುವುದು ಜಾಣತನ. ಇಲ್ಲಿನ ಶಾಂತಿ ಮ್ಯೂಸಿಯಮ್ಮಿಗೂ ಅಂದೇ ರಜೆ ಎಂಬುದೊಂದು ಕೊರತೆ. ಸಂತೆಯೋ ಮ್ಯೂಸಿಯಮ್ಮೋ ನೀವೇ ತೀರ್ಮಾನಿಸಿ, ನಾನು ಸಂತೆಯ ಪಕ್ಷ.

ಗೆತಾರಿಯಾ ಇನ್ನೊಂದು ಬಗೆಯ ಸುಖ. ಮೆಗೆಲನ್ ಹೊರಡಿಸಿದ ಭೂಪ್ರದಕ್ಷಿಣೆಯನ್ನು 1522ರಲ್ಲಿ ಮುಗಿಸಿದ ಹುವಾನ್ ಸೆಬಾಸ್ಟಿಯನ್ ಎಲ್ಕಾನೊ ಈ ಊರಿನವನು. ಉಡುಪು ವಿನ್ಯಾಸಕ ಬಾಲೆನ್ಸಿಯಾಗಾ ಹುಟ್ಟಿದ್ದೂ ಇಲ್ಲೇ, ಅವನ ಮ್ಯೂಸಿಯಂ ಇದೆ. ಬೀದಿಯಲ್ಲೇ ಕೆಂಡದ ಒಲೆ ಇಟ್ಟು ಇಡೀ ಟರ್ಬಟ್ ಮೀನು ಸುಡುತ್ತಾರೆ. ಸುತ್ತಲ ಗುಡ್ಡಗಳಲ್ಲಿ ಚಾಕೊಲಿ ಎಂಬ ಹುಳಿ ಬಿಳಿ ವೈನಿನ ದ್ರಾಕ್ಷಿ. ಸಾರೌತ್ಸ್‌ನಲ್ಲಿ ಇಳಿದು ಕಡಲ ಪಕ್ಕದ ದಾರಿಯಲ್ಲಿ ಒಂದು ತಾಸು ನಡೆದು ಹೋಗಿ. ಮೀನು ತಿನ್ನದವರು ಇಲ್ಲಿ ದಾರಿಯನ್ನಷ್ಟೇ ಸವಿಯಬೇಕಾದೀತು.

ಒಳನಾಡು: ವಿಟೋರಿಯಾವೋ ಪಾಂಪ್ಲೋನಾವೋ?

ವಿಟೋರಿಯಾ-ಗಾಸ್ತೆಯಿಸ್ ಬಾಸ್ಕ್ ಸ್ವಾಯತ್ತ ಪ್ರಾಂತ್ಯದ ರಾಜಧಾನಿ, ಶಾಸನಸಭೆ ಇರುವ ಊರು. 2012ರಲ್ಲಿ ಯುರೋಪಿನ ಹಸಿರು ರಾಜಧಾನಿ ಎನಿಸಿಕೊಂಡಿತು. ಬಾದಾಮಿ ಆಕಾರದ ಮಧ್ಯಯುಗದ ಪೇಟೆ ಗುಡ್ಡದ ಮೇಲಿದೆ, ಮೊಣಕಾಲು ನೋವಿನವರಿಗಾಗಿ ಬೀದಿಯಲ್ಲೇ ಚಲಿಸುವ ಇಳಿಜಾರುಪಟ್ಟಿ ಹಾಕಿದ್ದಾರೆ. ಸಾಂತಾ ಮರಿಯಾ ಕೆಥೆಡ್ರಲ್ಲಿನ ರಿಪೇರಿಯನ್ನೇ ಪ್ರದರ್ಶನ ಮಾಡಿ, ತಲೆಗೆ ಹೆಲ್ಮೆಟ್ ಹಾಕಿಸಿ ಒಳಗೆ ಕರೆದೊಯ್ಯುತ್ತಾರೆ. ಶಿಥಿಲ ಗುಡಿಗಳ ಸುತ್ತ ತಗಡಿನ ಬೇಲಿ ನೋಡಿ ಸಾಕಾದ ನಮಗೆ ಹೊಟ್ಟೆಕಿಚ್ಚಾಗುವ ವ್ಯವಸ್ಥೆ.

ಊರಿನ ನಡುವಣ ವಿರ್ಹೆನ್ ಬ್ಲಾಂಕಾ ಚೌಕದಲ್ಲಿ ದೊಡ್ಡ ಸ್ಮಾರಕವೊಂದಿದೆ. 1813ರ ಜೂನ್ 21ರಂದು ನೆಪೋಲಿಯನ್ನನ ಅಣ್ಣ ಜೋಸೆಫನ ಸೈನ್ಯವನ್ನು ಇಲ್ಲಿ ಸೋಲಿಸಿದ್ದು ವೆಲಿಂಗ್ಟನ್. ಕನ್ನಡಿಗರಿಗೆ ಅವನು ಹೊಸಬನಲ್ಲ. 1799ರಲ್ಲಿ ಟಿಪ್ಪು ಬಿದ್ದ ಮೇಲೆ ಶ್ರೀರಂಗಪಟ್ಟಣದ ಅಧಿಕಾರ ಹಿಡಿದು ಕೂತ, ಮರುವರ್ಷ ಧೋಂಡಿಯಾ ವಾಘನನ್ನು ಬೆನ್ನಟ್ಟಿ ಕೊಂದ ಅದೇ ಆರ್ಥರ್ ವೆಲೆಸ್ಲಿ. ವಿಟೋರಿಯಾ ಗೆದ್ದ ಎರಡೇ ತಿಂಗಳಿಗೆ, ಆಗಸ್ಟ್ 31ರಂದು, ಅವನ ಅಧೀನದ ಬ್ರಿಟಿಷ್ ಮತ್ತು ಪೋರ್ಚುಗೀಸ್ ಪಡೆಗಳು ಸಾನ್ ಸೆಬಾಸ್ಟಿಯನ್ ಹೊಕ್ಕು ಊರನ್ನು ಕೊಳ್ಳೆ ಹೊಡೆದವು, ಬೆಂಕಿಯಲ್ಲಿ ಊರು ಉರಿದುಹೋಯಿತು. ಚೀಸ್‌ಕೇಕ್ ತಿನ್ನಲು ಎಲ್ಲರೂ ಹೋಗುವ ಬೀದಿಯ ಹೆಸರು ‘ಆಗಸ್ಟ್ 31’ ಆಗಿರುವುದು ಅದಕ್ಕೇ. ವಿಟೋರಿಯಾದಲ್ಲಿ ಅವನು ವೀರ, ಒಂದು ಗಂಟೆ ಆಚೆ ಅವನ ಸೈನ್ಯದ ನೆನಪು ಬೇರೆಯದೇ.

ವಿಟೋರಿಯಾದ ಇನ್ನೊಂದು ಲಾಭ ದಕ್ಷಿಣಕ್ಕಿರುವ ರಿಯೋಹಾ ಅಲಾವೇಸಾ: ಕೋಟೆಯೊಳಗಿನ ಲಗ್ವಾರ್ದಿಯಾ, ಅದರಡಿ ಕೊರೆದ ವೈನ್ ನೆಲಮಾಳಿಗೆಗಳು, ಎಲ್ಸಿಯೆಗೊ ಹಳ್ಳಿಯಲ್ಲಿ 2006ರ ಗೆಹ್ರಿ ಹೋಟೆಲ್. ವೈನ್ ಪ್ರಿಯರು ಒಂದು ರಾತ್ರಿ ಇಲ್ಲಿಗೆ ಕೊಡಬಹುದು. ವೈನ್ ಬೇಡದವರಿಗೆ ವಿಟೋರಿಯಾ ಒಂದು ಹಗಲಿಗೆ ಸಾಕು.

ಪಾಂಪ್ಲೋನಾ ಹೆಸರು ಕೇಳಿದೊಡನೆ ಗೂಳಿ ಓಟ ನೆನಪಾಗುತ್ತದೆ. ಸಾನ್ ಫೆರ್ಮಿನ್ ಹಬ್ಬ ಜುಲೈ 6ರಿಂದ 14, ಓಟ 7ನೇ ತಾರೀಖಿನಿಂದ ದಿನಾ ಬೆಳಿಗ್ಗೆ ಎಂಟಕ್ಕೆ. ಬಾಲ್ಕನಿಯಿಂದ ನೋಡುವವರಿಗೆ ಅದು ಎರಡು ಮೂರು ನಿಮಿಷದಲ್ಲಿ ಮುಗಿದುಹೋಗುತ್ತದೆ. ಸಂಜೆ ಅಖಾಡದಲ್ಲಿ ಅದೇ ಗೂಳಿಗಳನ್ನು ಕೊಲ್ಲುತ್ತಾರೆ ಎಂಬುದು ತಿಳಿದಿರಲಿ. ಆ ಒಂಬತ್ತು ದಿನ ಕೋಣೆ ಬಾಡಿಗೆ ಹಲವು ಪಟ್ಟು, ಊರು ವೈನಿನಲ್ಲಿ ತೊಯ್ದಿರುತ್ತದೆ. ಊಟಕ್ಕಾಗಿ ಹೋಗುವವರು ಆಗ ಅತ್ತ ತಲೆಹಾಕದಿರುವುದು ಕ್ಷೇಮ. ಉಳಿದ ದಿನಗಳ ಪಾಂಪ್ಲೋನಾ ಶಾಂತ, ಅಚ್ಚುಕಟ್ಟು. ಕೋಟೆಗೋಡೆಯ ಮೇಲೆ ನಡೆಯುವ ದಾರಿ, 16ನೇ ಶತಮಾನದ ನಕ್ಷತ್ರಾಕಾರದ ದುರ್ಗ, ಕೆಥೆಡ್ರಲ್ಲಿನ ಗೋಥಿಕ್ ಮೊಗಸಾಲೆ, ಸಾಂತಿಯಾಗೊ ಎಂಬ ಪುಣ್ಯಕ್ಷೇತ್ರಕ್ಕೆ ನಡೆದು ಹೋಗುವ ಯಾತ್ರಿಕರ ಬೆನ್ನುಚೀಲಗಳು.

ನವಾರ‍್ರಾ ಆಡಳಿತದ ಲೆಕ್ಕದಲ್ಲಿ ಬಾಸ್ಕ್ ಸ್ವಾಯತ್ತ ಪ್ರಾಂತ್ಯಕ್ಕೆ ಸೇರಿಲ್ಲ, ಅದು ಬೇರೆಯೇ ಪ್ರಾಂತ್ಯ. ಇಲ್ಲಿನ ಎಲ್ಲರೂ ತಮ್ಮನ್ನು ಬಾಸ್ಕ್ ಎಂದುಕೊಳ್ಳುವುದಿಲ್ಲ. ಬಾರಿನಲ್ಲಿ ಕೂತು ಈ ವಿಷಯದಲ್ಲಿ ತೀರ್ಪು ಕೊಡಲು ಹೋಗಬೇಡಿ.

ಗೋವೆ ಮಂಗಳೂರುಗಳ ಕ್ರೈಸ್ತ ಓದುಗರಿಗೆ ಇಲ್ಲೊಂದು ವಿಶೇಷ ಕಾರಣವಿದೆ. ಹಳೇ ಗೋವೆಯ ಬೊಂ ಜೀಸಸ್ ಬೆಸಿಲಿಕಾದಲ್ಲಿ ದೇಹವಿರುವ ಸಂತ ಫ್ರಾನ್ಸಿಸ್ ಕ್ಸೇವಿಯರ್ ಹುಟ್ಟಿದ್ದು 1506ರಲ್ಲಿ, ಪಾಂಪ್ಲೋನಾದಿಂದ ಸುಮಾರು 50 ಕಿಲೋಮೀಟರ್ ದೂರದ ಹಾವಿಯೆರ್ ಕೋಟೆಯಲ್ಲಿ. ಅವರ ಸಂಗಾತಿ ಇಗ್ನೇಷಿಯಸ್ ಲೊಯೋಲಾ ಹುಟ್ಟಿದ ಮನೆ ಸಾನ್ ಸೆಬಾಸ್ಟಿಯನ್ ಕಡೆಯ ಅಸ್ಪೇಯಿತಿಯಾದಲ್ಲಿದೆ. 1880ರಲ್ಲಿ ಮಂಗಳೂರಿನ ಸೇಂಟ್ ಅಲೋಶಿಯಸ್ ಕಾಲೇಜು ಕಟ್ಟಿದ ಜೆಸ್ಯುಯಿಟ್ ಸಂಘದ ಬೇರು ಈ ಇಬ್ಬರಲ್ಲಿದೆ. ಹಾವಿಯೆರ್ ಕಡೆಗೆ ಬಸ್ಸು ವಿರಳ, ಒಂದು ದಿನದ ಮಟ್ಟಿಗೆ ಕಾರು ಹಿಡಿಯಿರಿ.

ಸಸ್ಯಾಹಾರಿ, ಇಲ್ಲವೇ ಜನಜಂಗುಳಿ ಆಗದವರು ಎಂದಾದರೆ ನನ್ನ ಆಯ್ಕೆ ಪಾಂಪ್ಲೋನಾ. ಬಿಲ್ಬಾವೊ ಬಿಟ್ಟಾದರೂ ಇದನ್ನು ಎರಡನೇ ಬಿಡಾರ ಮಾಡಿಕೊಳ್ಳಬಹುದು.

ಗಡಿಯಾಚೆಯ ಬಯೋನ್

ಸಾನ್ ಸೆಬಾಸ್ಟಿಯನ್‌ನಿಂದ ‘ತೋಪೊ’ ರೈಲಿನಲ್ಲಿ ಹೆಂದಾಯ್, ಅಲ್ಲಿ ಫ್ರೆಂಚ್ ರೈಲಿಗೆ ಬದಲಿಸಿ ಬಯೋನ್. ಕೆಂಪು ಹಸಿರು ಕಿಟಕಿಬಾಗಿಲಿನ ಮರದ ಚೌಕಟ್ಟಿನ ಮನೆಗಳು, ಎರಡು ನದಿ, ಒಳ್ಳೆಯ ಬಾಸ್ಕ್ ಮ್ಯೂಸಿಯಂ. ಇನ್‌ಕ್ವಿಸಿಶನ್‌ಗೆ (ಚರ್ಚಿನ ಧರ್ಮವಿಚಾರಣೆಗೆ) ಹೆದರಿ ಪೋರ್ಚುಗಲ್, ಸ್ಪೇನ್ ಬಿಟ್ಟು ಬಂದ ಯಹೂದಿಗಳು 17ನೇ ಶತಮಾನದಲ್ಲಿ ಇಲ್ಲಿಗೆ ಚಾಕೊಲೇಟ್ ಕಸುಬು ತಂದರು. ಆ ಕಸುಬು ಕಲಿತ ಊರಿನವರು ಕೊನೆಗೆ ಅವರನ್ನೇ ಅದರಿಂದ ಹೊರಗಿಡಲು ನೋಡಿದರು. 1854ರಿಂದ ಇರುವ ಕಾಜ್‌ನಾವ್ ಅಂಗಡಿಯಲ್ಲಿ ನೊರೆಯೆಬ್ಬಿಸಿದ ಬಿಸಿ ಚಾಕೊಲೇಟ್ ಕುಡಿಯಿರಿ, ಕರಿ ಚೆರಿ ಜಾಮಿನ ಬಾಸ್ಕ್ ಕೇಕ್ ತಿನ್ನಿ. ಒಂದು ಎಚ್ಚರಿಕೆ: ಗಡಿ ದಾಟಿದ ಕೂಡಲೇ ಊಟದ ಹೊತ್ತು ಬದಲಾಗುತ್ತದೆ. ಮಧ್ಯಾಹ್ನ ಹನ್ನೆರಡರಿಂದ ಎರಡು, ಮುಗಿಯಿತು. ಸ್ಪೇನಿನ ಅಭ್ಯಾಸದಲ್ಲಿ ಎರಡೂವರೆಗೆ ಹೋದವರಿಗೆ ಬಾಗಿಲು ಮುಚ್ಚಿರುತ್ತದೆ. ದಾರಿಯ ಸೇನ್-ಜಾನ್-ದ-ಲೂಜ್‌ನಲ್ಲಿ ಇಳಿದರೆ 1660ರಲ್ಲಿ ಹದಿನಾಲ್ಕನೇ ಲೂಯಿ ಮದುವೆಯಾದ ಚರ್ಚು ನೋಡಬಹುದು. ಒಂದು ಹಗಲಿನ ಸುತ್ತಾಟಕ್ಕೆ ಇದು ಅತ್ಯುತ್ತಮ, ಬಿಡಾರಕ್ಕೆ ಬೇಡ.

ಕೌಂಟರು, ಮೇಜು, ಸೈಡರ್ ಮನೆ

ದಿನಾ ಪಿಂಚೊ ತಿಂದರೆ ನಾಲ್ಕನೇ ದಿನಕ್ಕೆ ಬ್ರೆಡ್ಡು ಸಾಕೋ ಸಾಕು ಎನಿಸುತ್ತದೆ. ವಾರದ ದಿನಗಳಲ್ಲಿ ಮಧ್ಯಾಹ್ನ ‘ಮೆನು ದೆಲ್ ದಿಯಾ’ ಹಿಡಿಯಿರಿ: ಮೂರು ಸುತ್ತಿನ ಊಟ, ಬ್ರೆಡ್ಡು, ವೈನೋ ನೀರೋ ಸೇರಿ ಹೆಚ್ಚಿನ ಕಡೆ 15ರಿಂದ 20 ಯೂರೊ ಆಸುಪಾಸು. ಪಿಂಚೊ ರಾತ್ರಿಗಿರಲಿ. ಕೌಂಟರಿನ ಮೇಲೆ ಗುಡ್ಡೆ ಹಾಕಿದ್ದನ್ನೆಲ್ಲ ತಟ್ಟೆ ತುಂಬಿಕೊಳ್ಳುವುದು ಪ್ರವಾಸಿಗಳ ಲಕ್ಷಣ. ಬಲ್ಲವರು ಹಿಂದಿನ ಕರಿಹಲಗೆ ಓದಿ ಬಿಸಿಯಾಗಿ ಮಾಡಿಕೊಡುವುದನ್ನು ಕೇಳುತ್ತಾರೆ, ಒಂದು ಬಾರಿನಲ್ಲಿ ಒಂದೋ ಎರಡೋ, ಮತ್ತೆ ಮುಂದಿನ ಬಾರು. ದುಡ್ಡು ಕೊನೆಗೆ.

ಮೂರು ನಕ್ಷತ್ರದ ಊಟ ತಲಾ 250 ಯೂರೊ ದಾಟುತ್ತದೆ, ವೈನ್ ಬೇರೆ. ಆ ದುಡ್ಡಿನಲ್ಲಿ ವಾರವಿಡೀ ಪಿಂಚೊ ತಿನ್ನಬಹುದು. ಮೀನು ಮಾಂಸ ತಿನ್ನುವವರು, ಅಡುಗೆಯನ್ನು ಕಲೆಯಾಗಿ ನೋಡುವ ಹುಚ್ಚಿನವರು ಒಂದನ್ನು ತಿಂಗಳುಗಳ ಮೊದಲೇ ಕಾದಿರಿಸಿ. ಉಳಿದವರು ಬಿಟ್ಟರೆ ನಷ್ಟವೇನಿಲ್ಲ.

ನಷ್ಟವಾಗುವುದು ಸೈಡರ್ ಮನೆ ಬಿಟ್ಟರೆ. ಸಾನ್ ಸೆಬಾಸ್ಟಿಯನ್ ಪಕ್ಕದ ಅಸ್ತಿಗರ‍್ರಾಗಾ, ಎರ್ನಾನಿಗಳಲ್ಲಿ ಜನವರಿಯಿಂದ ಏಪ್ರಿಲ್‌ವರೆಗೆ ಸೇಬಿನ ರಸ ಹುಳಿಸಿ ಮಾಡಿದ ಸೈಡರಿನ ಹೊಸ ಪೀಪಾಯಿಗಳನ್ನು ತೆರೆಯುತ್ತಾರೆ. ‘ಚೋಚ್!’ ಎಂದು ಕೂಗು ಬಿದ್ದೊಡನೆ ಊಟ ಬಿಟ್ಟೆದ್ದು, ಲೋಟ ಹಿಡಿದು ಸಾಲುಗಟ್ಟಿ, ಪೀಪಾಯಿಯಿಂದ ಚಿಮ್ಮುವ ಧಾರೆಯನ್ನು ದೂರದಿಂದ ಹಿಡಿಯಬೇಕು. ಊಟ ನಿಗದಿತ: ಕಾಡ್ ಮೀನಿನ ಆಮ್ಲೆಟ್, ಮೆಣಸಿನೊಡನೆ ಕಾಡ್, ಕೆಂಡದ ಮೇಲೆ ಸುಟ್ಟ ಚುಲೆಟಾ, ಕೊನೆಗೆ ಚೀಸು, ಹಣ್ಣಿನ ಗಟ್ಟಿ ಪಾಕ, ಅಕ್ರೋಟು. ಚುಲೆಟಾ ಎಂದರೆ ಹಸುವಿನ ಮಾಂಸ, ಒಳಗೆ ಹಸಿ ಹಸಿಯಾಗಿಯೇ ಬರುತ್ತದೆ. ಅದು ಬೇಡದವರು ಕಾದಿರಿಸುವಾಗಲೇ ಹೇಳಿ. ಕೆಲವು ಮನೆಗಳು ವರ್ಷವಿಡೀ ತೆರೆದಿರುತ್ತವೆ.

ತಿಂಗಳು, ದಾರಿ, ಕಾಗದಪತ್ರ

ಮೇ ಕೊನೆಯಿಂದ ಜೂನ್, ಇಲ್ಲವೇ ಸೆಪ್ಟೆಂಬರ್. ಇವೆರಡರಲ್ಲಿ ನನಗೆ ಸೆಪ್ಟೆಂಬರ್ ಮೇಲು: ಅಣಬೆ, ಪಿಕಿಯೊ ಮೆಣಸು, ಪೋಚಾ ಎಲ್ಲ ಒಟ್ಟಿಗೆ ಸಿಗುತ್ತವೆ, ಕಡಲೂ ಬೆಚ್ಚಗಿರುತ್ತದೆ. ಒಂದೇ ತೊಡಕು, ತಿಂಗಳ ಉತ್ತರಾರ್ಧದಲ್ಲಿ ಸಾನ್ ಸೆಬಾಸ್ಟಿಯನ್ ಸಿನಿಮಾ ಉತ್ಸವ ನಡೆಯುವಾಗ ಕೋಣೆ ಸಿಗುವುದಿಲ್ಲ. ಆಗಸ್ಟ್ ಮಧ್ಯದ ಬಿಲ್ಬಾವೊ ಜಾತ್ರೆ ಮೋಜಿನದು, ಆದರೆ ನಿದ್ದೆ ಆಗುವುದಿಲ್ಲ. ಶಾಲೆಯ ಬೇಸಿಗೆ ರಜೆಗೆ ಕಟ್ಟುಬಿದ್ದವರಿಗೆ ಏಪ್ರಿಲ್ ಕೊನೆ ಮೇ ಮೊದಲಿಗೆ ಕೊಡೆ ಹಿಡಿದ ಪ್ರವಾಸ, ಅದರ ಬದಲಿಗೆ ನವಾರ‍್ರಾದ ಶತಾವರಿ, ಆರ್ಟಿಚೋಕ್.

ಓಡಾಟಕ್ಕೆ ಬಸ್ಸೇ ವಾಸಿ. ಬಿಲ್ಬಾವೊ–ಸಾನ್ ಸೆಬಾಸ್ಟಿಯನ್ ನಡುವಿನ ಎವುಸ್ಕೊತ್ರೆನ್ ಕಣಿವೆ, ಕಡಲು ತೋರಿಸುತ್ತ ಎರಡೂವರೆ ಗಂಟೆ ಮೀರಿ ತೆಗೆದುಕೊಳ್ಳುತ್ತದೆ. ಅವಸರವಿಲ್ಲದ ದಿನಕ್ಕೆ ಚೆಂದ. ಬಿಸ್ಕಾಯಾದ ‘ಬಾರಿಕ್’ ಕಾರ್ಡು ಅಥವಾ ಗಿಪುಸ್ಕೋವಾದ ‘ಮುಗಿ’ ಕಾರ್ಡು ಕೊಂಡರೆ ಟಿಕೆಟ್ ದರ ಇಳಿಯುತ್ತದೆ. ಕಾರು ಬೇಕಾಗುವುದು ರಿಯೋಹಾ, ಹಾವಿಯೆರ್, ಎಸ್ಪೆಲೆಟ್‌ಗಳಿಗೆ ಮಾತ್ರ. ಊರೊಳಗೆ ಅದನ್ನು ನಿಲ್ಲಿಸುವುದೇ ತಲೆನೋವು.

ಬೆಂಗಳೂರಿನಿಂದ ಬಿಲ್ಬಾವೊಗೆ ನೇರ ವಿಮಾನವಿಲ್ಲ. ಫ್ರಾಂಕ್‌ಫರ್ಟ್, ಪ್ಯಾರಿಸ್, ಆಮ್‌ಸ್ಟರ್‌ಡ್ಯಾಮ್ ಮೂಲಕ ಹೋಗಬೇಕು. ಷೆಂಗೆನ್ ವೀಸಾ ಎರಡೂ ದೇಶಗಳಿಗೆ ಒಂದೇ. ಹೆಚ್ಚು ರಾತ್ರಿ ಕಳೆಯುವ ದೇಶದಲ್ಲಿ ಅರ್ಜಿ ಹಾಕಬೇಕಾದ್ದರಿಂದ ಮೇಲಿನ ಎಲ್ಲ ಹಂಚಿಕೆಗೂ ಅದು ಸ್ಪೇನೇ. ಆರು ತಿಂಗಳ ಮೊದಲಿನಿಂದ ಅರ್ಜಿ ತೆಗೆದುಕೊಳ್ಳುತ್ತಾರೆ. ಸೆಪ್ಟೆಂಬರಿಗೆ ಹೋಗುವವರು ಜೂನ್ ದಾಟಿಸಬೇಡಿ, ಬೇಸಿಗೆಯಲ್ಲಿ ಅಪಾಯಿಂಟ್‌ಮೆಂಟ್ ಸಿಗುವುದೇ ಕಷ್ಟ. ಹೋಟೆಲನ್ನು ರದ್ದು ಮಾಡಬಹುದಾದ ದರದಲ್ಲಿ ಕಾದಿರಿಸಿ, ಸಾನ್ ಸೆಬಾಸ್ಟಿಯನ್‌ನದ್ದನ್ನು ಎಲ್ಲಕ್ಕಿಂತ ಮೊದಲು.